ಜಾಗ ಉಂಟು

ಮಲ್ಪೆಯಿಂದ ಉಡುಪಿಗೆ ಹೋಗುವ ಬಸ್ಸಿನಲ್ಲಿ
ಒಂಟಿಕಾಲಲ್ಲಿ ನಿಂತವಳ ಬುಟ್ಟಿಗೆ ಮಂಡಿ ತಾಗಿಸಿ
ಕಂಡಕ್ಟರ್ ಕೂಗುತ್ತಾನೆ: ಹಿಂದೆ ಹೋಗಿ, ಹಿಂದೆ ಜಾಗ ಉಂಟು.
ಇಪ್ಪತ್ತೆರಡು ವರ್ಷದಲ್ಲಿ ಒಮ್ಮೆಯೂ
ಜಾಗ ಇಲ್ಲ ಎಂಬ ಮಾತು ಆ ಬಾಯಿಂದ ಕೇಳಿಲ್ಲ ನಾನು.

ಫೋನು ಹೇಳಿತು.
ಇವತ್ತು ಬೆಳಿಗ್ಗೆ ಐದೂವರೆಗೆ, ಬಂದರಿನಲ್ಲಿ,
ಏಲಂ ಕೂಗುವವನ ಗಂಟಲು ಆಗಷ್ಟೇ ಬಿಸಿಯಾಗುತ್ತಿದ್ದಾಗ
ಕಟಪಾಡಿಯ ಹೋಟೆಲಿನವರಿಗೆ ಅಂಜಲಿನ ಫೋಟೋ ಬೇಕಿತ್ತು.
ಕಣ್ಣು ಕಾಣಬೇಕು, ಕಿವಿರಿನ ಕೆಂಪು ಕಾಣಬೇಕು.
ಒತ್ತಿದೆ. ಜಾಗ ಇಲ್ಲ.
ಇನ್ನೊಮ್ಮೆ ಒತ್ತಿದೆ. ಇಲ್ಲ ಅಂದೆನಲ್ಲ ಮಾರಾಯ್ತಿ
ಎಂಬ ಹಾಗೆ ಅದೇ ಬಿಳಿ ಚೌಕ.
ಅಷ್ಟರಲ್ಲಿ ಅಂಜಲು ಇನ್ನೊಬ್ಬಳ ಬುಟ್ಟಿಗೆ ಬಿತ್ತು.

ಈಗ ಗಂಟೆ ಮೂರು. ಮೀನು ಮುಗಿದಿದೆ, ಐಸು ನೀರಾಗಿದೆ.
ಮಾರ್ಕೆಟಿನ ಕಲ್ಲಿನ ಮೇಲೆ ಕೂತು
ಬೆರಳನ್ನು ಸೆರಗಿಗೆ ಒರೆಸಿ ಒರೆಸಿ
(ಒದ್ದೆ ಬೆರಳನ್ನು ಇದು ಬೆರಳೆಂದೇ ಒಪ್ಪುವುದಿಲ್ಲ)
ಗುಡಿಸಲಿಕ್ಕೆ ಶುರು ಮಾಡಿದೆ.

ಮೊದಲು ಗುಲಾಬಿಗಳು.
ಅತ್ತಿಗೆ ಸುಲೋಚನ ತಪ್ಪದೆ ಕಳಿಸುವ ಶುಭೋದಯ,
ಒಂದೊಂದಕ್ಕೂ ಮಿನುಗುವ ಇಬ್ಬನಿ, ಒಂದು ಬುದ್ಧಿಮಾತು.
ಮುನ್ನೂರ ಹದಿನೆಂಟು ಬೆಳಗುಗಳನ್ನು
ಒಂದೇ ಒತ್ತಿಗೆ ಅಳಿಸಿದೆ.
ಹೊರಗೆ ಬಿಸಿಲು ಒಂದು ಚೂರೂ ಕಡಿಮೆಯಾಗಲಿಲ್ಲ.

ಆಮೇಲೆ ನನ್ನದೇ ಹೆಬ್ಬೆರಳು, ನಲವತ್ತು ಸಲ.
ಸೊಂಟದ ಚೀಲದೊಳಗಿನ ಕತ್ತಲೆಯ ವಿಡಿಯೊ, ಹನ್ನೊಂದು ನಿಮಿಷ;
ಅದನ್ನು ಪೂರ್ತಿ ನೋಡಿದೆ, ಯಾಕೆಂದು ಕೇಳಬೇಡಿ.
ಚಿಲ್ಲರೆಯ ಸದ್ದು, ನಡುವೆ ನನ್ನ ಸ್ವರ:
ಈ ರೇಟಿಗೆ ಬೂತಾಯಿ ಕೊಡ್ಲಿಕ್ಕೆ ನಾನೇನು ಕಡಲಿನ ಮಗಳಾ?
ಅಲ್ಲವಾ ಮತ್ತೆ.

ಆಧಾರ್, ಆಧಾರಿನ ಬೆನ್ನು. ಇರಲಿ.
ತಮ್ಮನ ಮಗಳು ಹಾಕಿಕೊಂಡ ಬಣ್ಣದ ಗೋಲಿ ಒಡೆಯುವ ಆಟ. ಹೋಗಲಿ.
ಆದಿತ್ಯವಾರ ಬಂದು ಅಳುತ್ತಾಳೆ,
ಅಂಜಲು ಹೋಯಿತೆಂದು ನಾನು ಅತ್ತೆನಾ?

ಕೆಳಗೆ, ಇನ್ನೂ ಕೆಳಗೆ,
ಆಚೆ ವರ್ಷದ ಡಿಸೆಂಬರಿನಲ್ಲಿ
ಬಂತು ತಕ್ಕಡಿ.
ಒಂಬತ್ತು ಫೋಟೋ. ಹತ್ತಿರದಿಂದ, ದೂರದಿಂದ, ಕೆಂಪು ಅಂಕಿ ಮಾತ್ರ.
ಕುಸುಮ ಹತ್ತು ಕಿಲೋ ಎಂದು ಪಾಲು ಮಾಡಿ ಕೊಟ್ಟ ಬಂಗುಡೆ
ನನ್ನ ಕಲ್ಲಿಗೆ ಬರುವಾಗ ಎಂಟು ಮುಕ್ಕಾಲು.
ನೀರು ಇಳಿದದ್ದು ಎಂದಳು ಅವಳು.
ನೀರಲ್ಲ, ನಿಯತ್ತು ಎಂದೆ ನಾನು.
ಅಂದಿನಿಂದ ನಮ್ಮಿಬ್ಬರ ನಡುವಿನ ಕಲ್ಲು ಖಾಲಿ.
ಈ ಇಡೀ ಮಾರ್ಕೆಟಿನಲ್ಲಿ
ಜಾಗ ಅಂತ ಇರುವುದು ಅದೊಂದೇ.

ಸಾಕ್ಷಿಗೆಂದು ಇಟ್ಟದ್ದು. ಯಾವ ಕೋರ್ಟಿಗೆ?
ಸಂಘದ ಅಧ್ಯಕ್ಷೆಗೆ ತೋರಿಸಿದ್ದೆ,
ಅವಳು ಅವತ್ತು ಕನ್ನಡಕ ತಂದಿರಲಿಲ್ಲ.
ಮತ್ತೆ ನಿದ್ದೆ ಬಾರದ ರಾತ್ರಿ ನಾನೇ ನೋಡಿದ್ದು, ದೊಡ್ಡದು ಮಾಡಿ ಮಾಡಿ.
ಎಷ್ಟು ನೋಡಿದರೂ ಅಂಕಿಯನ್ನೇ ನೋಡಿದ್ದು.
ಇವತ್ತು ಕಂಡದ್ದು ಬುಟ್ಟಿಯ ಅಡಿಗೆ ಒಂದು ಬೆರಳು,
ಉಗುರಿನ ಮೇಲೆ ಕತ್ತಿ ತಾಗಿದ ಹಳೆಯ ಗೆರೆ.
ಬುಟ್ಟಿ ಓರೆಯಾಗಬಾರದೆಂದು ಹಿಡಿದಿದ್ದೆ, ನೆನಪುಂಟು.
ಒಂದೂಕಾಲು ಕಿಲೋ ಎತ್ತುತ್ತದಾ ಒಂದು ಬೆರಳು?
ಪೂರ್ತಿ ಎತ್ತಲಿಕ್ಕಿಲ್ಲ.
ಕಾಲಂಶ, ಹೆಚ್ಚೆಂದರೆ ಅರ್ಧ.

ಒಂಬತ್ತೂ ಸೇರಿ ಮೂವತ್ತೊಂದು ಎಂಬಿ.
ಗುಲಾಬಿಗಳಿಗಿಂತ ಹಗುರ.
ಒತ್ತಿದೆ.

ಹಾಗೆಲ್ಲ ಸುಲಭದಲ್ಲಿ ಹೋಗುವುದಿಲ್ಲ ಮಾರಾಯ್ರೆ.
ಮೂವತ್ತು ದಿನ ಕಸದಬುಟ್ಟಿಯಲ್ಲಿ ಇರುತ್ತದಂತೆ,
ಬೇಕೆಂದರೆ ವಾಪಸು ತೆಗೆಯಬಹುದಂತೆ.
ಒಳ್ಳೆಯದೇ. ಸಿಟ್ಟಿಗೂ ಬೇಕಲ್ಲ
ಬಿದಿರಿನ ಸಂದಿನಿಂದ ನೀರು ಇಳಿಯುವಷ್ಟು ಹೊತ್ತು.

ಐದೂ ಹತ್ತರ ಬಸ್ಸು.
ಬಾಗಿಲಿನ ಹತ್ತಿರದ ಸೀಟಿನಲ್ಲಿ ಕುಸುಮ,
ಪಕ್ಕದಲ್ಲಿ ಹೆಂಗಸಿನ ಹಾಗೆ ಕೂತ ಅವಳ ಖಾಲಿ ಬುಟ್ಟಿ.
ಬುಟ್ಟಿ ಕೆಳಗಿಡಿ ಅಕ್ಕ, ಜಾಗ ಉಂಟಲ್ಲ, ಎಂದ ಕಂಡಕ್ಟರ್.
ಅವಳು ಕಿಟಕಿಯ ಹೊರಗೇ ನೋಡುತ್ತ
ಬುಟ್ಟಿಯನ್ನು ಕಾಲಸಂದಿಗೆ ಎಳೆದುಕೊಂಡಳು.

ನಾನು ನಿಂತೇ ಇದ್ದೆ, ಸರಳು ಹಿಡಿದು.
ಮೂವತ್ತು ದಿನ ಉಂಟಲ್ಲ.